ಅಕ್ಕನ ಕ್ಯಾಸೆಟ್ಟು

ತಲೆ ಕೆಟ್ಟವರ ಪಿಚ್ಚರನ್ನು ಬಾಗಿಲಲ್ಲೇ ನಿಂತು ತೆಗೆದುಕೊಂಡು ಹೋಗುವವರನ್ನು ನೆನೆಸಿಕೊಂಡರೆ ನನಗೆ ಇವತ್ತಿಗೂ ಮೈ ಉರಿಯುತ್ತದೆ. ತೊಂಬತ್ತರ ದಶಕದ ನಡುವೆ ನಾನು ಸೇಲಂ ಊರಾಚೆಯ ಒಂದು ಹುಚ್ಚರ ಹೋಮಿನಲ್ಲಿ ಐದು ತಿಂಗಳು ಇದ್ದೆ. ಉದ್ದನೆಯ ಎರಡು ಶೀಟಿನ ಕೊಟ್ಟಿಗೆ, ಒಂದು ಗಂಡಸರಿಗೆ, ಒಂದು ಹೆಂಗಸರಿಗೆ. ನಡುವೆ ಬೇವಿನ ಮರ, ನೀರಿನ ತೊಟ್ಟಿ. ವಾರಕ್ಕೊಮ್ಮೆ ಡಾಕ್ಟರು ಬರುತ್ತಿದ್ದರು, ಉಳಿದ ಆರು ದಿನ ಮ್ಯಾನೇಜರದೇ ರಾಜ್ಯ.

ಒಂದು ದಿನ ಮದ್ರಾಸಿನಿಂದ ಒಂದು ವ್ಯಾನು ಬಂತು. ಮನೋರೋಗಿಗಳ ಬಗ್ಗೆ ಡಾಕ್ಯುಮೆಂಟರಿ ಅಂತೆ. ಒಬ್ಬನ ಹೆಗಲ ಮೇಲೆ ಕ್ಯಾಮೆರಾ, ಇನ್ನೊಬ್ಬನ ಕೈಯಲ್ಲಿ ಉದ್ದನೆಯ ಕೋಲು, ಕೋಲಿನ ತುದಿಗೆ ತುಪ್ಪಳ ಸುತ್ತಿದ ಮೈಕು. ಡಾಕ್ಟರನ್ನು ಅರ್ಧ ಗಂಟೆ ಮಾತಾಡಿಸಿದರು. ಮ್ಯಾನೇಜರನ್ನು ಮಾತಾಡಿಸಿದರು. ಅಡುಗೆಯವಳನ್ನೂ ಮಾತಾಡಿಸಿದರು. ನಮ್ಮಲ್ಲಿ ಒಬ್ಬನನ್ನು, ಒಬ್ಬನೇ ಒಬ್ಬನನ್ನು, ನಿನ್ನ ಹೆಸರೇನಪ್ಪ ಅಂತ ಕೇಳಲಿಲ್ಲ. ಕಿಟಕಿಗೆ ಎದುರಾಗಿ ಕ್ಯಾಮೆರಾ ಹಿಡಿದಿದ್ದರು. ಮುಖಗಳೆಲ್ಲ ಕಪ್ಪಗೆ ಬರುತ್ತವೆ, ಈಚೆಯಿಂದ ತೆಗೀರಿ ಸಾರ್ ಅಂದೆ. ಕ್ಯಾಮೆರಾದವನು ನನ್ನ ಬೆನ್ನು ತಟ್ಟಿ, "ಸರಿ ಸರಿ, ಪೋಯ್ ಉಕ್ಕಾರು" ಅಂದ. ಹೋಗಿ ಕೂತೆ. ಎಲ್ಲೋ ಯಾವುದೋ ಪಿಚ್ಚರಿನಲ್ಲಿ ನಾನೂ ಇದ್ದೇನೆ, ತಲೆ ಕೆರೆದುಕೊಳ್ಳುತ್ತ, ಕಪ್ಪು ಮುಖದವನಾಗಿ.

ಅವನಿಗೆ ಗೊತ್ತಿರಲಿಲ್ಲ, ನಾನೂ ಕ್ಯಾಮೆರಾದವನೇ. ಧರ್ಮಪುರಿ ಸುತ್ತಮುತ್ತ ಮದುವೆ ವೀಡಿಯೋ ತೆಗೆಯುವುದು ನನ್ನ ಕಸುಬು. ಒಂದು ವೈಕಾಸಿ ತಿಂಗಳಲ್ಲಿ ಮೂರು ವಾರ ಒಂದೇ ಸಮ ನಿದ್ದೆಗೆಟ್ಟು ಮದುವೆ ತೆಗೆದೆ. ಕೊನೆಯ ಮದುವೆಯಲ್ಲಿ ಗೆಟ್ಟಿಮೇಳ ಶುರುವಾಗಿ ಗಂಡು ತಾಳಿ ಕಟ್ಟುವ ಹೊತ್ತಿಗೆ ಸರಿಯಾಗಿ ಕ್ಯಾಮೆರಾ ನೆಲದ ಮೇಲಿಟ್ಟು, ಹಸೆಯ ಪಕ್ಕದಲ್ಲೇ ಕೂತು ಗಳಗಳನೆ ಅತ್ತುಬಿಟ್ಟೆ. ಯಾಕೆ ಅಂತ ನನಗೇ ಗೊತ್ತಿರಲಿಲ್ಲ. ಅಳು ನಿಲ್ಲಲೂ ಇಲ್ಲ. ಹೆಣ್ಣಿನ ಕಡೆಯವರು ಹೊಡೆಯಲು ಬಂದರು. ಮುಹೂರ್ತವೇ ಇಲ್ಲದ ಮದುವೆ ಕ್ಯಾಸೆಟ್ಟು ಯಾರಿಗೆ ಬೇಕು? ಹತ್ತು ದಿನ ಕಾದ ಅಣ್ಣ ನನ್ನನ್ನು ಬಸ್ಸು ಹತ್ತಿಸಿದ. ಯಾವ ಹೋಮಿಗೆ ಅನ್ನುವ ಪ್ರಶ್ನೆಯೇ ಬರಲಿಲ್ಲ. ನಮ್ಮಕ್ಕ ಆಗಲೇ ಅಲ್ಲಿದ್ದಳು. ತಿಂಗಳಿಗೊಮ್ಮೆ ಅವಳಿಗೆ ರಾಗಿಮುದ್ದೆ, ಹುರುಳಿಸಾರು ಕಟ್ಟಿಸಿಕೊಂಡು ಹೋಗುತ್ತಿದ್ದವನು ನಾನೇ. ಆ ಸಲ ಹೋದವನು ಅಲ್ಲೇ ಉಳಿದೆ.

ಅಕ್ಕ ನನಗಿಂತ ಆರು ವರ್ಷ ದೊಡ್ಡವಳು. ನಮ್ಮ ಮನೆ ಅದಿಯಮಾನ್‌ಕೋಟೆಯ ಹತ್ತಿರ, ಅವಳನ್ನು ಕೊಟ್ಟಿದ್ದು ಪೆನ್ನಾಗರಂ ದಾಟಿ ಕಾಡಂಚಿನ ಊರಿಗೆ, ಕುರಿ ಸಾಕುವವರ ಮನೆಗೆ. ಒಬ್ಬಳು ಮಗಳು. ಎರಡನೆಯದು ಗಂಡುಕೂಸು, ಹನ್ನೊಂದು ದಿನಕ್ಕೆ ಹೋಯಿತು. ಆಮೇಲೆ ಅವಳಿಗೆ ಕುರಿರೊಪ್ಪದೊಳಗಿಂದ ಕೂಸು ಅಳುವುದು ಕೇಳತೊಡಗಿತು. ಕುರಿಗಳನ್ನು ಒಂದೊಂದಾಗಿ ಪಕ್ಕಕ್ಕೆ ಸರಿಸಿ ಹುಡುಕುತ್ತಿದ್ದಳು. ಒಂದು ದಿನ ರೊಪ್ಪದ ಬಾಗಿಲು ತೆಗೆದು ಕುರಿಗಳನ್ನೆಲ್ಲ ಕಾಡಿಗೆ ಅಟ್ಟಿಬಿಟ್ಟಳು, ಕೂಸು ಅಳುವುದು ಸರಿಯಾಗಿ ಕೇಳಲಿ ಅಂತ. ಅರ್ಧಕ್ಕರ್ಧ ಕುರಿ ವಾಪಸು ಬರಲಿಲ್ಲ. ಬಾವ ಕೆಟ್ಟವನಲ್ಲ, ಹೆದರಿದವನು. ಮಾರನೆಯ ವಾರವೇ ಅವಳನ್ನು ಸೇಲಂಗೆ ಕರೆದುಕೊಂಡು ಹೋಗಿ ಬಿಟ್ಟು ಬಂದ.

ಅಲ್ಲಿ ಅವಳ ಬಲಗಾಲಿಗೆ ಸರಪಳಿ ಇತ್ತು. ಇನ್ನೊಂದು ತುದಿ ಕೊಟ್ಟಿಗೆಯ ಕಂಬಕ್ಕೆ. ಗೇಟಿನ ತನಕ ಎರಡು ಸಲ ಓಡಿದ್ದಳಂತೆ, ಅದಕ್ಕೆ. ನನಗೆ ಸರಪಳಿ ಇರಲಿಲ್ಲ, ನಾನು ಓಡುವವನಲ್ಲ, ಕೂತಲ್ಲೇ ಅಳುವವನು. ಮಾತ್ರೆ ತಿಂದರೆ ನಾಲಗೆ ಒಣಗಿ ಅಂಗುಳಿಗೆ ಅಂಟುತ್ತಿತ್ತು, ಕೈ ನಡುಗುತ್ತಿತ್ತು. ಸಂಜೆ ನೀರಿಗೆ ಬಿಟ್ಟಾಗ ತೊಟ್ಟಿಯ ಪಕ್ಕದಿಂದ ಅವಳನ್ನು ಕೂಗುತ್ತಿದ್ದೆ. "ಉಂಡ್ಯೇನ್ಲಾ?" ಅಂತ ಕಂಬದ ಹತ್ತಿರದಿಂದಲೇ ಕೇಳುತ್ತಿದ್ದಳು. ತಾನು ಕಟ್ಟಿಹಾಕಿಸಿಕೊಂಡು ಕೂತವಳು, ನಾನು ಉಂಡೆನೋ ಇಲ್ಲವೋ ಅನ್ನುವ ಚಿಂತೆ ಅವಳಿಗೆ.

ಐದು ತಿಂಗಳಿಗೆ ಅಣ್ಣ ಬಂದು ಸಹಿ ಹಾಕಿ ನನ್ನನ್ನು ಬಿಡಿಸಿಕೊಂಡ. ಅಕ್ಕನಿಗೂ ಹಾಕಣ್ಣ ಅಂದೆ. ಆಗುವುದಿಲ್ಲವಂತೆ. ಸೇರಿಸಿದವರೇ ಬಿಡಿಸಬೇಕು, ಗಂಡನೇ ಸಹಿ ಹಾಕಬೇಕು. ಊರಲ್ಲಿ ಕೇಳಿದರೂ ಅದೇ ಮಾತು. ಕೊಟ್ಟ ಹೆಣ್ಣು ಕುಲಕ್ಕೆ ಹೊರಗೆ. ಅವ್ವ ಸೆರಗು ಬಾಯಿಗಿಟ್ಟುಕೊಂಡು ಸುಮ್ಮನಾದಳು. ನಾನು ಸುಮ್ಮನಾಗುವ ಜಾತಿಯವನಲ್ಲ. ಹೊರಡುವ ದಿನ ಅಕ್ಕ ಕೇಳಿದ್ದು ಒಂದೇ, "ನನ್ನ ಬುಟ್ಟು ಓಗ್ತೀಯೇನ್ಲಾ?" ನಾನೂ ಒಂದೇ ಹೇಳಿದ್ದೆ, ಕರಕೊಂಡು ಹೋಗೇ ಹೋಗ್ತೀನಿ ಅಂತ.

ಬಾವನ ಊರಿಗೆ ನಾಲ್ಕು ಸಲ ಹೋದೆ. ಅವನು ಅಡ್ಡಗೋಡೆಯ ಮೇಲೆ ದೀಪ ಇಟ್ಟಂತೆ ಮಾತಾಡುತ್ತಿದ್ದ. ಕಡೆಗೆ ಊರ ಹಿರಿಯರ ಮುಂದೆ ಕೂತೆ. ಚಾವಡಿಯಲ್ಲಿ ಐದಾರು ಜನ, ಅವರಲ್ಲಿ ಊರಗೌಡರದೇ ಕೊನೆಯ ಮಾತು.

"ಬುದ್ಧಿ ಸರ್ಯಾಗೈತೆ ಅಂತೀಯ. ನಾವು ಕಂಡಿದ್ದೀವಾ?" ಅಂದರು ಗೌಡರು.

"ಬಂದು ನೋಡ್ರಿ ಗೌಡ್ರೆ. ನಾನೇ ಬಸ್ಸಲ್ಲಿ ಕರ್ಕೊಂಡೋಗ್ತೀನಿ."

"ಆ ಜಾಗಕ್ಕೆ ನಾವ್ಯಾಕಪ್ಪ ಬರೋಣ? ನೀನು ಮದ್ವೆ ವೀಡಿಯೋ ತೆಗೀತೀಯಲ್ಲ, ಅಂಗೇ ತಕ್ಕೊಂಡ್ ಬಾ. ಎಲ್ರೂ ಕುಂತು ನೋಡಾವ. ನೆಟ್ಟಗವಳೆ ಅಂತ ಕಂಡ್ರೆ ಇವ್ನ ಕೈಲಿ ಸಹಿ ಆಕ್ಸೋದು ನನ್ ಜವಾಬ್ದಾರಿ."

ಬಾವ ತಲೆಯಾಡಿಸಿದ. ನಾನು ಗೌಡರ ಕಾಲಿಗೆ ಬಿದ್ದು ಎದ್ದೆ. ಅಯ್ಯೋ, ಆ ದಿನ ಬಸ್ಸಿನಲ್ಲಿ ನನಗಿದ್ದ ಹುಮ್ಮಸ್ಸು! ಮದ್ರಾಸಿನವರು ಬಾಗಿಲಲ್ಲಿ ನಿಂತು ತೆಗೆದರು, ನಾನು ಒಳಗೆ ಹೋಗಿ ತೆಗೆಯುತ್ತೇನೆ. ಅವರು ಡಾಕ್ಟರನ್ನು ಕೇಳಿದರು, ನಾನು ಅಕ್ಕನನ್ನು ಕೇಳುತ್ತೇನೆ. ಒಳಗಿದ್ದು ಬಂದವನ ಕೈಯಲ್ಲಿ ಕ್ಯಾಮೆರಾ ಇದ್ದರೆ ಹೇಗಿರುತ್ತದೆ, ತೋರಿಸುತ್ತೇನೆ ಅಂತ ಕಿಟಕಿಯಾಚೆ ನೋಡುತ್ತ ಒಬ್ಬನೇ ನಗುತ್ತಿದ್ದೆ. ಪಕ್ಕದಲ್ಲಿ ಕೂತಿದ್ದವನು ಎದ್ದು ಬೇರೆ ಸೀಟಿಗೆ ಹೋದ.

ಮ್ಯಾನೇಜರು ಸುಲಭಕ್ಕೆ ಒಪ್ಪಲಿಲ್ಲ. ಎರಡು ಗಂಟೆ ಬಾಗಿಲಲ್ಲಿ ನಿಲ್ಲಿಸಿ, ಮನೆಯವರಿಗೆ ತೋರಿಸಲು ಮಾತ್ರ, ಅವಳೊಬ್ಬಳನ್ನೇ ತೆಗೆಯಬೇಕು, ಗಲೀಜು ಕಾಣಬಾರದು ಅಂದ. ಹೂಂ ಅಂದೆ. ಚೀಲದಲ್ಲಿ ಪೌಡರ್ ಡಬ್ಬಿ, ಬಾಚಣಿಗೆ, ಕನ್ನಡಿ ಯಾವಾಗಲೂ ಇರುತ್ತಿದ್ದವು. ಮದುವೆ ಮನೆಯಲ್ಲಿ ಬೆವರಿದ ಹೆಣ್ಣಿಗೆ ಬೇಕಾಗುತ್ತವೆ. ಬರುವ ದಾರಿಯಲ್ಲಿ ಬಸ್‌ಸ್ಟ್ಯಾಂಡಿನ ಹತ್ತಿರ ಒಂದು ಮೊಳ ಕನಕಾಂಬರವನ್ನೂ ತಂದಿದ್ದೆ. ಅಕ್ಕನಿಗೆ ಮುಡಿಸುತ್ತಿದ್ದಾಗ ಮ್ಯಾನೇಜರು ನಗುತ್ತ, "ಎನ್ನಪ್ಪಾ, ಕಲ್ಯಾಣಮಾ?" ಅಂದ. ಅವನ ಮಾತಿಗೆ ಸಿಟ್ಟು ಬಂದರೂ ನನ್ನ ಕೈ ನಿಲ್ಲಲಿಲ್ಲ.

"ಮಗಳೂ ನೋಡ್ತಾಳೇನ್ಲಾ?" ಅಂತ ಕೇಳಿದಳು ಅಕ್ಕ.

"ನೋಡ್ತಾಳೆ. ಇಡೀ ಊರೇ ನೋಡ್ತದೆ."

"ಅಂಗಾದ್ರೆ ಇನ್ನೊಸಿ ಪೌಡ್ರು ಆಕು. ಎರಡೊರ್ಸ ಆಯ್ತು, ಗುರ್ತು ಸಿಕ್ದೆ ಎದ್ರಿಕೊಂಡಾಳು. ಕಾಲ್ ಮಾತ್ರ ತೋರ್ಸಬ್ಯಾಡ."

ಒಂದು ಜಮಖಾನ ತಂದು ಅವಳ ಕಾಲ ಮೇಲೆ ಹೊದಿಸಿದೆ. ನಾನು ಆಗಲೂ ಮಾತ್ರೆ ತಿನ್ನುತ್ತಿದ್ದೆ, ಕೈಯ ನಡುಕಕ್ಕೆ ಕ್ಯಾಮೆರಾ ನಿಲ್ಲುತ್ತಿರಲಿಲ್ಲ, ಗಿರಾಕಿಗಳಿಗೆ ಟೀ ಜಾಸ್ತಿ ಕುಡೀತೀನಿ ಅಂತ ಸುಳ್ಳು ಹೇಳುತ್ತಿದ್ದೆ. ಕೊಟ್ಟಿಗೆಯ ಒರಳುಕಲ್ಲನ್ನು ಉರುಳಿಸಿಕೊಂಡು ಬಂದು, ಅದರ ಮೇಲೆ ಮಡಚಿದ ಕಂಬಳಿ ಇಟ್ಟು, ಕಂಬಳಿಯ ಮೇಲೆ ಕ್ಯಾಮೆರಾ ಇಟ್ಟೆ. ಮಾತಾಡು ಅಂದೆ.

ಮೊದಲು ನಾಚಿಕೊಂಡು ನಕ್ಕಳು. ಆಮೇಲೆ ಮಾತಾಡಿದಳು. ಅವಳು ಅಷ್ಟೊಂದು ಹೊತ್ತು ಒಂದೇ ಸಮ ಮಾತಾಡಿದ್ದನ್ನು ನಾನು ಹುಟ್ಟಿದಾಗಿನಿಂದ ಕೇಳಿರಲಿಲ್ಲ.

"ನಂಗೀಗ ಆ ಸಬ್ದ ಕೇಳಾಕಿಲ್ಲ. ನಿಂತೋಗೈತೆ. ಕೂಸು ಓಯ್ತು ಅಂತ ನಂಗೆ ಗೊತ್ತೈತೆ, ಎಲ್ಲಿ ಊತವ್ರೆ ಅಂತಾನೂ ಗೊತ್ತೈತೆ. ಕುರಿ ಬುಟ್ಟಿದ್ದು ನನ್ದೇ ತಪ್ಪು. ಅದ್ಕೆ ಎಷ್ಟ್ ಬೇಕೋ ಅಷ್ಟು ಬಯ್ರಿ. ಮಾತ್ರೆ ತಪ್ಪಿಸಾಕಿಲ್ಲ, ನನ್ ತಮ್ಮ ತಿಂಗ್ಳು ತಿಂಗ್ಳು ತಂದ್ಕೊಡ್ತಾನೆ. ಒಳಗಡೆ ಸೇರ್ಸ್ಕೊಳಾಕೆ ಎದ್ರಿಕೆ ಆದ್ರೆ ರೊಪ್ಪದ ಪಕ್ದಾಗೆ ಮಲಗ್ತೀನಿ. ಮಗಳ ತಲೆ ಬಾಚಾಕೆ ಬುಟ್ರೆ ಸಾಕು. ಇಲ್ಲಿ ನಂಗೆ ಆಗಾಕಿಲ್ಲ. ಇಲ್ಲಿದ್ರೆ ನಾನು ನಿಜವಾಗ್ಲೂ ಕೆಟ್ಟೋಗ್ತೀನಿ. ಬಂದು ಕರ್ಕೊಂಡೋಗ್ರಿ, ಕೈಮುಗಿತೀನಿ."

ಹಾಗೆ ಹೇಳುತ್ತ ಹೇಳುತ್ತ, ತೋರಿಸಬೇಡ ಅಂದವಳು ತಾನೇ ಜಮಖಾನ ಸರಿಸಿ ಕಾಲು ಮುಂದೆ ಚಾಚಿದಳು. ಸರಪಳಿ ಉಜ್ಜಿ ಕಣಕಾಲು ಕಪ್ಪುಗಟ್ಟಿತ್ತು. ನಾನು ಏನು ಮಾಡಿದೆ ಗೊತ್ತೇ? ಕ್ಯಾಮೆರಾ ಮೇಲಕ್ಕೆತ್ತಿ ಮುಖಕ್ಕೆ ಹಿಡಿದೆ. ಮದುವೆ ಹೆಣ್ಣಿನ ಒಡೆದ ಹಿಮ್ಮಡಿ ಕಂಡರೆ ಲೆನ್ಸು ಮೇಲೆತ್ತಬೇಕು ಅಂತ ಕಲಿತ ಕೈ ಅದು, ನನ್ನನ್ನು ಕೇಳಲೇ ಇಲ್ಲ. ಮುಖದ ಮೇಲೆ ನಿಲ್ಲಿಸಿ, "ಸಾಕಕ್ಕ, ಈಗ ಒಂದ್ಸಲ ನಗು" ಅಂದೆ. ಕೈಮುಗಿದುಕೊಂಡೇ ನಕ್ಕಳು.

ತೆಗೆದದ್ದನ್ನು ಕತ್ತರಿಸಿ ಜೋಡಿಸಿಕೊಡುವ ಧರ್ಮಪುರಿಯ ಮಿಕ್ಸಿಂಗ್ ಸೆಂಟರಿನಲ್ಲಿ ಕ್ಯಾಸೆಟ್ಟು ಕೊಟ್ಟಾಗ ಸಾಯಂಕಾಲವಾಗಿತ್ತು. ಮಿಕ್ಸಿಂಗ್ ಮಾಡುವವನು ಹಳೇ ಪರಿಚಯ, ನನ್ನ ಎಲ್ಲ ಮದುವೆಗಳೂ ಅವನ ಕೈಯಲ್ಲೇ ಆಗುತ್ತಿದ್ದವು. ನಮ್ಮಕ್ಕನದು, ಚೆನ್ನಾಗಿ ಮಾಡು ಅಂದೆ. ಒಂದು ಮಾತು ಹೆಚ್ಚಿಗೆ ಹೇಳಬೇಕಿತ್ತು, ಹೇಳಲಿಲ್ಲ. ಮಾರನೆಯ ಬೆಳಿಗ್ಗೆ ಎರಡು ಕ್ಯಾಸೆಟ್ಟು ಕೈಗಿಟ್ಟ, ಒಂದು ಮಿಕ್ಸ್ ಆಗಿದ್ದು, ಇನ್ನೊಂದು ನನ್ನ ಮೂಲದ್ದು. ಕಾರಿಮಂಗಲಂನಲ್ಲಿ ಮದುವೆ ಇತ್ತು, ಹೊತ್ತಾಗಿತ್ತು, ಕೂತು ನೋಡಲಿಲ್ಲ. ಮಿಕ್ಸ್ ಆಗಿದ್ದನ್ನು ಚೀಲದ ತಳಕ್ಕೆ ಜೋಪಾನವಾಗಿಟ್ಟು, ಮೂಲದ್ದನ್ನು ಯಾವತ್ತಿನ ಹಾಗೆ ಕ್ಯಾಮೆರಾಕ್ಕೆ ತುಂಬಿಕೊಂಡು ಮುಹೂರ್ತಕ್ಕೆ ಓಡಿದೆ.

ಭಾನುವಾರ ಮಧ್ಯಾಹ್ನ ಬಾವನ ಊರಿನ ಚಾವಡಿಯ ಮುಂದೆ ಜನವೋ ಜನ. ಪೆನ್ನಾಗರಂನಿಂದ ಟಿವಿ, ಕ್ಯಾಸೆಟ್ಟು ಹಾಕುವ ಡೆಕ್ಕು ತರಿಸಿದ್ದರು. ಬೆಳಕು ಬೀಳದಿರಲಿ ಅಂತ ಕಂಬಳಿಗಳನ್ನು ಇಳಿಬಿಟ್ಟಿದ್ದರು. ಹಿರಿಯರು ಮುಂದೆ, ಹೆಂಗಸರು ಹಿಂದೆ. ಅಕ್ಕನ ಮಗಳು, ಎಂಟು ವರ್ಷದವಳು, ಬಾವನ ತೊಡೆಗೆ ಒರಗಿ ಕೂತಿದ್ದಳು. ಕಣ್ತುಂಬ ನೋಡು ಕಂದಾ ಅಂದೆ. ಕ್ಯಾಸೆಟ್ಟು ಒಳಗೆ ಹಾಕಿದೆ.

ಮೊದಲು ಎರಡು ಗುಲಾಬಿ ಹೂವು ಅರಳಿದವು. ಅವುಗಳ ನಡುವಿನಿಂದ ಅಕ್ಕನ ಮುಖ ಬಂತು. ನಕ್ಕಳು. ಅದೇ ನಗು ನಿಧಾನಕ್ಕೆ, ಇನ್ನೂ ನಿಧಾನಕ್ಕೆ, ಮೂರು ಸಲ ಬಂತು. ಅದರ ಮೇಲೆ ಒಂದು ಸಿನಿಮಾ ಹಾಡು. ಅಕ್ಕನ ತುಟಿಗಳು ಆಡುತ್ತಿದ್ದವು, ಹಾಡುವವಳು ಹಾಡುತ್ತಿದ್ದಳು. ಎದ್ದು ಓಡಿ ಹೋಗಿ ಟಿವಿಯ ಶಬ್ದದ ಗುಂಡಿ ತಿರುಗಿಸಿದೆ, ಹಾಡು ಕಮ್ಮಿಯಾದರೆ ಅಡಿಯಿಂದ ಅವಳ ಮಾತು ಕೇಳೀತು ಅಂತ. ಹಾಡು ಕಮ್ಮಿಯಾಯಿತು. ಏನೂ ಕೇಳಲಿಲ್ಲ. ಪೂರ್ತಿ ನಿಶ್ಶಬ್ದ, ಅವಳ ಬಾಯಿ ಮಾತ್ರ ಆಡುತ್ತಿತ್ತು.

ನಮ್ಮ ಕಸುಬಿನಲ್ಲಿ ಕ್ಯಾಸೆಟ್ಟಿನ ಶಬ್ದಕ್ಕೆ ಮೂರು ಕಾಸಿನ ಬೆಲೆ ಇಲ್ಲ. ಮದುವೆ ಮನೆಯಲ್ಲಿ ಏನಿರುತ್ತದೆ, ಗದ್ದಲ, ಮಕ್ಕಳ ಅಳು, ಸಾಂಬಾರು ತಾ ಅನ್ನುವ ಕೂಗು. ಮಿಕ್ಸಿಂಗಿನವನು ಮೊದಲು ಮಾಡುವ ಕೆಲಸ ಅದನ್ನೆಲ್ಲ ಅಳಿಸಿ ಹಾಡು ಹಾಕುವುದು. ಕೈಗೆ ವಾಪಸು ಬಂದ ಮೂಲ ಕ್ಯಾಸೆಟ್ಟಿನ ಮೇಲೆ ಮುಂದಿನ ಮದುವೆ ತೆಗೆಯುವುದು. ಅವನು ತನ್ನ ಕೆಲಸ ಚೆನ್ನಾಗಿಯೇ ಮಾಡಿದ್ದ. ನಾನೂ ನನ್ನ ಕೆಲಸ ಮಾಡಿದ್ದೆ. ಮದ್ರಾಸಿನವರನ್ನು ಅಷ್ಟೆಲ್ಲ ಬಯ್ದೆನಲ್ಲ, ಅವರು ಕೋಲಿನ ತುದಿಗೆ ಮೈಕು ಕಟ್ಟಿಕೊಂಡು ಬಂದಿದ್ದರು. ನಾನು ಕನಕಾಂಬರ ತಗೊಂಡು ಹೋಗಿದ್ದೆ. ಅಕ್ಕನ ಮಾತಿನ ಮೇಲೆ ಕಾರಿಮಂಗಲಂನ ಯಾರದೋ ಮದುವೆ ಕೂತಿತ್ತು, ನನ್ನ ಕೈಯಾರೆ.

"ಮಾಮ, ಅವ್ವ ಏನ್ ಏಳ್ತಾವ್ಳೆ?" ಅಂತ ಕೇಳಿತು ಮಗು.

ಟಿವಿಯ ಪಕ್ಕದಲ್ಲಿ ನಿಂತೆ. ಅವಳು ಹೇಳಿದ್ದೆಲ್ಲ ನನ್ನ ಹೊಟ್ಟೆಯೊಳಗೆ ಒಂದಕ್ಷರ ಬಿಡದೆ ಇತ್ತು. ಅವಳ ತುಟಿ ನೋಡಿಕೊಂಡು ಜೋರಾಗಿ ಹೇಳತೊಡಗಿದೆ. ಶಬ್ದ ನಿಂತೈತೆ ಅಂತಾಳೆ. ತಪ್ಪು ನನ್ನದೇ ಅಂತಾಳೆ. ರೊಪ್ಪದ ಪಕ್ಕ ಮಲಗ್ತೀನಿ ಅಂತಾಳೆ. ನಿನ್ನ ತಲೆ ಬಾಚ್ತೀನಿ ಅಂತಾಳೆ ಕಂದಾ. ಕಾಲಿಗೆ ಸರಪಳಿ ಐತೆ, ನಾನು ತೋರಿಸ್ಲಿಲ್ಲ, ಐತೆ ಕಣ್ರೋ! ಹೇಳುತ್ತಾ ಹೇಳುತ್ತಾ ಅಳು ನುಗ್ಗಿ ಬಂತು. ಕೈ ಎರಡೂ ಗಡಗಡ ನಡುಗುತ್ತಿದ್ದವು. ಎಂಜಲು ಒಣಗಿ ಬಾಯಿಯಿಂದ ಮಾತು ಅರ್ಧರ್ಧ ಬರುತ್ತಿತ್ತು. ಹೆಂಗಸರು ಮಕ್ಕಳನ್ನು ಹತ್ತಿರಕ್ಕೆ ಎಳೆದುಕೊಂಡರು.

ಹಿಂದಿನಿಂದ ಯಾರೋ ಮೆಲ್ಲಗೆ ಅಂದರು, "ಇವ್ನೂ ಅಲ್ಲೇ ಇದ್ದೋನಲ್ವಾ? ಪಾಪ, ಇನ್ನೂ ವಾಸಿ ಆಗಿಲ್ಲ."

ಅಲ್ಲಿಗೆ ಮುಗಿಯಿತು. ಗೌಡರು ಎದ್ದು ಬಂದು ನನ್ನ ಭುಜ ಹಿಡಿದು ಜಗುಲಿಯ ಮೇಲೆ ಕೂರಿಸಿದರು. ಬೆನ್ನು ತಟ್ಟಿದರು. "ಸುಮ್ಕಿರಪ್ಪ. ನೋಡಿದ್ವಲ್ಲ. ಉಡುಗಿ ಲಕ್ಷಣವಾಗವಳೆ. ಊವ ಮುಡ್ಕೊಂಡು, ನಗ್ತಾ ನಗ್ತಾ ಅವಳೆ. ಅಂಥ ಜಾಗದಿಂದ ಯಾಕಪ್ಪ ಕಿತ್ಕೊಂಡ್ ಬರೋದು?"

ಬಾವನ ಕಣ್ಣಲ್ಲಿ ನೀರಿತ್ತು. ಅದು ನಾಟಕವಲ್ಲ, ನಾನು ಕಂಡಿದ್ದೇನೆ. "ಬಾಮೈದ, ನಮ್ಮನೇಲಿ ಒಂದಿನಾನೂ ಅವ್ಳು ಇಂಗೆ ನಕ್ಕಿದ್ದಿಲ್ಲ" ಅಂದ. "ನನ್ ಕೈಲಿ ಆಗ್ದಿದ್ದನ್ನ ಅವ್ರು ಮಾಡವ್ರೆ. ಅಲ್ಲೇ ಇರ್ಲಿ ಬುಡು." ನಾನು ಅವನ ಕೊರಳಪಟ್ಟಿ ಹಿಡಿದೆನಂತೆ. ನನಗೆ ನೆನಪಿಲ್ಲ. ಮೂರು ಜನ ಸೇರಿ ನನ್ನನ್ನು ಬಸ್ಸು ಹತ್ತಿಸಿದ್ದು ಮಾತ್ರ ನೆನಪಿದೆ.

ಇನ್ನೊಂದು ಸಲ ತೆಗೆಯೋಣ ಅಂತ, ಅಕ್ಕನ ಕಣ್ಣಿಗೆ ಬೀಳದೆ, ಗೇಟಿನಲ್ಲೇ ಮ್ಯಾನೇಜರ ಕಾಲು ಹಿಡಿದೆ. ಒಂದು ಸಲ ಬಿಟ್ಟಿದ್ದೇ ದೊಡ್ಡದು ಅಂದ. ಗೌಡರ ಹತ್ತಿರ ಹೋದೆ, ನೋಡಿ ಆಯಿತಲ್ಲ ಅಂದರು. ನೋಡಿದವರು ಯಾರೂ ಕೇಳಿರಲಿಲ್ಲ. ಕೇಳಿದವನು ನಾನೊಬ್ಬ, ನನ್ನ ಮಾತು ಹುಚ್ಚನ ಮಾತು.

ಹೀಗೆಲ್ಲ ಅಲೆದು, ಒಂದು ಬೆಳಿಗ್ಗೆ ಅಕ್ಕನನ್ನು ನೋಡಲು ಹೋದೆ. ಅದೇ ಕಂಬದ ಹತ್ತಿರ ಕೂತಿದ್ದಳು. ಕನಕಾಂಬರ ಒಣಗಿ ಕೂದಲಲ್ಲೇ ಇತ್ತು, ತೆಗೆದಿರಲಿಲ್ಲ.

"ತೋರ್ಸಿದ್ಯೇನ್ಲಾ?"

"ತೋರಿಸ್ದೆ ಅಕ್ಕ."

"ಮಗಳು ನೋಡಿದ್ಲಾ? ಗುರ್ತು ಇಡಿದ್ಲಾ? ಏನಂದ್ಲು?"

"ಅವ್ವ ಎಷ್ಟ್ ಚೆಂದ ಅವ್ಳೆ ಅಂದ್ಲು."

ಅಕ್ಕ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕಳು. ಆಮೇಲೆ, "ಮತ್ತೆ ಅವ್ರು?" ಅಂದಳು.

ನಿಜ ಹೇಳಬೇಕು ಅಂತಲೇ ಹೋಗಿದ್ದೆ. ದಾರಿಯುದ್ದಕ್ಕೂ ಬಾಯಿಪಾಠ ಮಾಡಿಕೊಂಡಿದ್ದೆ, ತಪ್ಪು ನನ್ನದು ಅಕ್ಕ, ನಿನ್ನ ಮಾತು ನಾನೇ ಅಳಿಸಿಬಿಟ್ಟೆ ಅಂತ. ಅವಳ ಮುಖ ನೋಡಿದೆ. ನನ್ನ ಹಾಳು ಬಾಯಿ ಬೇರೆಯದನ್ನೇ ಆಡಿತು.

"ಆಡಿ ತಿಂಗಳು ಕಳೀಲಿ ಅಂದವ್ರೆ. ಆಡೀಲಿ ಎಣ್ಮಕ್ಳನ್ನ ಮನೆ ತುಂಬಿಸ್ಕೊಳ್ಳಲ್ವಲ್ಲ. ಕಳೀತಿದ್ದಂಗೆ ಬತ್ತಾರೆ."

"ಅಂಗಂದ್ರಾ?" ಬೆರಳು ಮಡಚಿ ದಿನ ಎಣಿಸಿದಳು. ಎಣಿಸಿ ಮುಗಿದ ಮೇಲೆ ನನ್ನ ಚೀಲದ ಕಡೆ ನೋಡಿದಳು. "ಆ ಪೌಡ್ರು ಡಬ್ಬಿ ಇಲ್ಲೇ ಕೊಟ್ಟೋಗ್ಲಾ. ಯಾವತ್ತು ಬತ್ತಾರೋ ಏನೋ. ಬಂದಾಗ ಟಿವೀಲಿ ಕಂಡಂಗೇ ಇರ್ಬೇಕಲ್ಲ, ಇಲ್ದಿದ್ರೆ ಇವ್ಳು ಅವ್ಳಲ್ಲ ಅಂದ್ಬುಟ್ಟಾರು."

ಕೊಟ್ಟೆ. ಆಡಿ ಕಳೆಯಿತು, ಆವಣಿ ಬಂತು, ಅದೂ ಕಳೆಯಿತು. ಯಾವಾಗ ಹೋದರೂ ಅಕ್ಕ ಮುಖಕ್ಕೆ ಬೆಳ್ಳಗೆ ಪೌಡರು ಹಚ್ಚಿಕೊಂಡು, ತಲೆ ಬಾಚಿಕೊಂಡು, ಕಾಲಿನ ಮೇಲೆ ಜಮಖಾನ ಹೊದ್ದು ಗೇಟಿನ ಕಡೆ ನೋಡುತ್ತ ಕೂತಿರುತ್ತಿದ್ದಳು. ಡಬ್ಬಿ ಖಾಲಿಯಾದಾಗ ಇನ್ನೊಂದು ತಂದುಕೊಟ್ಟವನೂ ನಾನೇ.